ನೀಲಿ ಬಂದಾಗ ಹೇಳು

ಚಕ್ರವರ್ತಿಯ ಡೇರೆ ಎಲ್ಲಿ ಎದ್ದಿತೋ ಅದೇ ಪಾಳೆಯದ ನಡು. ಡೇರೆಯ ಬಾಗಿಲು ಯಾವ ಕಡೆಗೋ ಅದೇ ಮುಂದು. ಅಲ್ಲಿ ಮುಂದಿನ ದಳಪತಿಯ ಜನ. ಬಲಕ್ಕೆ ಬಲದ ದಳಪತಿ, ಎಡಕ್ಕೆ ಎಡದ ದಳಪತಿ, ಬೆನ್ನಿಗೆ ಹಿಂದಿನವರು. ದಕ್ಷಿಣದ ಶೋವಾದಿಂದ ಹೊರಟು ಉತ್ತರದ ಅಡ್ವಾದ ಬೆಟ್ಟಗಳ ತನಕ ಐದು ತಿಂಗಳು ನಡೆದೆವು. ಪ್ರತಿ ನಿಲುಗಡೆಗೂ ಹೊಸ ಬಯಲು, ಅದೇ ಪಾಳೆಯ. ಪಾದ್ರಿಗಳಿಗೆ ಒಂದು ಜಾಗ, ಜೇನುಮದ್ಯದ ಕೊಡ ಹೊರುವ ಹೆಂಗಸರಿಗೆ ಒಂದು ಜಾಗ, ಹೇಸರಗತ್ತೆಗಳಿಗೂ ಒಂದು ಜಾಗ. ಕುರುಡನೂ ಕೋಲಿಲ್ಲದೆ ತನ್ನ ಡೇರೆ ಸೇರಬಹುದಿತ್ತು.

ನಮ್ಮ ಜಾಗವನ್ನು ಮಾತ್ರ ಚಕ್ರವರ್ತಿಯ ಡೇರೆ ಹೇಳುತ್ತಿರಲಿಲ್ಲ. ಗಾಳಿ ಹೇಳುತ್ತಿತ್ತು.

ಅಪ್ಪ ಹೊರೆ ಇಳಿಸಿ, ಚೀಲದಿಂದ ಒಂದು ಚಿಟಿಕೆ ಬೂದಿ ತೆಗೆದು ಮೇಲಕ್ಕೆ ತೂರುತ್ತಿದ್ದ. ಬೂದಿ ಯಾವ ಕಡೆ ಹಾರಿತೋ ಆ ಕಡೆಗೆ, ಪಾಳೆಯ ದಾಟಿ, ಕೊನೆಯ ಡೇರೆಯೂ ಮುಗಿದ ಮೇಲೆ ನಮ್ಮ ಕುಲುಮೆ. ನಮ್ಮ ಹೊಗೆ ಅವರ ಕಡೆ ಹೋಗಬಾರದು. ನಮ್ಮ ಉಸಿರು ಅವರ ಹಿಟ್ಟಿನ ಮೇಲೆ ಬೀಳಬಾರದು. ಅವರ ಅಡುಗೆಯ ವಾಸನೆ ನಮಗೆ ಬರಬಹುದು, ಅದಕ್ಕೆ ಅಡ್ಡಿಯಿಲ್ಲ.

ನಾವು ಕಮ್ಮಾರರು. ನಮ್ಮ ದೇಶದಲ್ಲಿ ಕಮ್ಮಾರ ಅಂದರೆ ಬುದಾ. ಬುದಾ ಅಂದರೆ ಕಣ್ಣಿನಿಂದ ಮನುಷ್ಯರನ್ನು ತಿನ್ನುವವನು. ಅವನು ನೋಡಿದ ಅನ್ನ ವಿಷ, ನೋಡಿದ ಮಗು ಹೆಣ. ಕತ್ತಲಾದರೆ ಅವನೇ ಕತ್ತೆಕಿರುಬ. ನಮಗೆ ಹೊಲವಿಲ್ಲ. ಇಗರ್ಜಿಯ ಬಾಗಿಲೊಳಗೆ ಜಾಗವಿಲ್ಲ. ಪಾಳೆಯದೊಳಗೆ ಹೋಗಲೇಬೇಕಾದರೆ ಮುಸುಕನ್ನು ಕಣ್ಣಿನ ಮೇಲೆ ಎಳೆದುಕೊಂಡು, ನೆಲ ನೋಡುತ್ತಾ ಹೋಗಬೇಕು. ನಾವು ಬಂದೆವೆಂದರೆ ಹೆಂಗಸರು ರೊಟ್ಟಿಯ ಬುಟ್ಟಿಗಳ ಮೇಲೆ ಬಟ್ಟೆ ಎಸೆಯುತ್ತಿದ್ದರು. ಆ ಬಟ್ಟೆ ಬೀಳುವ ಸದ್ದು ನನಗೆ ಗೊತ್ತು. ಹುಟ್ಟಿದಾಗಿನಿಂದ ಕೇಳಿದ್ದೇನೆ.

ಆದರೆ ಅವರ ಈಟಿಯ ಮೊನೆ ನಮ್ಮದು. ಕತ್ತಿಯ ಅಲಗು ನಮ್ಮದು. ಹೇಸರಗತ್ತೆಯ ಲಾಳ ನಮ್ಮದು. ಕೋವಿ ಕೆಟ್ಟರೆ ನಾವೇ ಬೇಕು. ಫರಂಗಿಗಳು ಸಮುದ್ರ ದಾಟಿ ಬಂದು ಉತ್ತರದ ಬೆಟ್ಟಗಳಲ್ಲಿ ಕೋಟೆ ಕಟ್ಟಿದ್ದರು. ಅವರ ಮೇಲೆ ಹೋಗುವ ಸೈನ್ಯಕ್ಕೆ ನಾವಿಲ್ಲದೆ ಒಂದು ದಿನವೂ ಸಾಗುತ್ತಿರಲಿಲ್ಲ.

ಅಪ್ಪನ ಹೆಸರು ಎಂಗಿದಾ. ನನ್ನ ಹೆಸರು ತಿರುನೇಶ್. ಅವ್ವ ಹಿಂದೆಯೇ ಸತ್ತಿದ್ದಳು. ಅಪ್ಪ ಬಡಿಯುವುದು, ನಾನು ತಿದಿ ಒತ್ತಿ ಬೆಂಕಿಗೆ ಗಾಳಿ ಊದುವುದು. ಎರಡು ಮೇಕೆಚರ್ಮದ ತಿದಿ, ಒಂದೊಂದು ಕೈಗೆ ಒಂದು. ಸಂಜೆಯ ಹೊತ್ತಿಗೆ ಭುಜದ ಕೀಲು ಕಳಚಿ ಬಂದಂತಾಗುತ್ತಿತ್ತು. ಕೈ ಎತ್ತಿ ತಲೆಗೆ ಎಣ್ಣೆ ಹಚ್ಚಿಕೊಳ್ಳಲು ಆಗುತ್ತಿರಲಿಲ್ಲ.

ಅಡ್ವಾದ ಹತ್ತಿರ ಬಂದಾಗ ದೊಡ್ಡ ಉಪವಾಸದ ದಿನಗಳು. ಮಾಂಸವಿಲ್ಲ, ಹಾಲಿಲ್ಲ, ಹೊತ್ತು ಇಳಿಯುವ ತನಕ ಊಟವಿಲ್ಲ. ಊಟದ ಹೊತ್ತಿಗೂ ಊಟವಿರಲಿಲ್ಲ. ಅಷ್ಟು ಜನ ಆ ಬೆಟ್ಟಗಳನ್ನು ಮಿಡತೆಯ ಹಾಗೆ ತಿಂದು ಮುಗಿಸಿದ್ದರು. ಜನ ಹಸಿ ಬಾರ್ಲಿ ಅಗಿದು, ಹೇಸರಗತ್ತೆ ಇಳಿದ ಹಳ್ಳದ ನೀರು ಕುಡಿಯುತ್ತಿದ್ದರು. ಪಾಳೆಯದ ತುಂಬಾ ಹೊಟ್ಟೆ ಹರಿಯುವ ಕಾಯಿಲೆ.

ಆಗ ನಮ್ಮ ಕುಲುಮೆಗೆ ಬಿತೆವ್ ಬರಲು ಶುರುಮಾಡಿದ. ಬಲದ ದಳಪತಿಯ ಕೆಳಗೆ ಐವತ್ತು ಜನರ ಮುಖಂಡ ಜೆಲ್ಲೆಕೆ. ಅವನ ತಮ್ಮ ಈ ಬಿತೆವ್. ಮೀಸೆ ಚಿಗುರಿತ್ತು. ಅವನ ಕೋವಿಯ ಸ್ಪ್ರಿಂಗ್ ಮುರಿದಿತ್ತು. ಕೋವಿ ಕೊಟ್ಟು ಹೋಗಬೇಕಾದವನು ಕಲ್ಲಿನ ಮೇಲೆ ಕೂತೇ ಬಿಡುತ್ತಿದ್ದ.

"ಎಂಗಿದಾ, ರಾತ್ರಿ ಕಿರುಬ ಆಗ್ತೀಯಂತೆ. ನಿಜವಾ?"

"ಕಿರುಬ ಆಗಿದ್ರೆ ಇಷ್ಟೊತ್ತಿಗೆ ನಿನ್ನ ಹೇಸರಗತ್ತೆ ಉಳೀತಿತ್ತೇನೋ?" ಅಪ್ಪ ತಲೆ ಎತ್ತದೆ ಹೇಳಿದ. "ಹಲ್ಲೇ ಇಲ್ಲ ನನಗೆ. ಎಂಥಾ ಕಿರುಬ?"

ಬಿತೆವ್ ನಕ್ಕ. ನಾನೂ ನಕ್ಕೆ.

ಒಂದು ದಿನ ನಾವು ಊಟಕ್ಕೆ ಕೂತಾಗ ಅವನು ಅಲ್ಲೇ ಇದ್ದ. ಒಂದೇ ಇಂಜೆರಾ ರೊಟ್ಟಿ, ಅದರ ಮೇಲೆ ಕಡಲೆಹಿಟ್ಟಿನ ನೀರುಗೊಜ್ಜು. ಅವನು ರೊಟ್ಟಿಯನ್ನೇ ನೋಡುತ್ತಿದ್ದ. ನಮ್ಮ ಮುಂದೆ ಒಬ್ಬ ಸೈನಿಕ ಹಾಗೆ ನೋಡುತ್ತಾನೆ. ಬುದಾ ಯಾರು?

ಅಪ್ಪ ರೊಟ್ಟಿ ಹರಿದು, ಗೊಜ್ಜಿನಲ್ಲಿ ಅದ್ದಿ, ಸುತ್ತಿ, ಕೈ ಚಾಚಿದ. ಗುರ್ಷಾ. ನಮ್ಮ ಕಡೆ ಬೇಕಾದವರ ಬಾಯಿಗೆ ನಮ್ಮ ಕೈಯಿಂದ ತುತ್ತಿಡುವುದು. ಬೇಡ ಅಂದರೆ ಮುಖಕ್ಕೆ ಉಗಿದ ಹಾಗೆ. ಆದರೆ ಕಮ್ಮಾರನ ಗುರ್ಷಾ ಎಂಬುದೇ ಇಲ್ಲ. ಯಾರೂ ಕೊಟ್ಟಿಲ್ಲ, ಯಾರೂ ತಿಂದಿಲ್ಲ.

ಬಿತೆವ್ ಹಿಂದಕ್ಕೆ ತಿರುಗಿ ನೋಡಿದ. ಯಾರೂ ಇರಲಿಲ್ಲ. ಬಾಯಿ ತೆರೆದ. ಅಪ್ಪನ ಕಪ್ಪು ಬೆರಳು ಅವನ ತುಟಿಗೆ ತಾಗಿತು. ಒಂದಾದ ಮೇಲೆ ಇನ್ನೊಂದು. ಮೂರು ತುತ್ತು ತಿಂದ. ಅಪ್ಪನಿಗೆ ಆ ದಿನ ಊಟವಿಲ್ಲ. ಆದರೂ ಅವನ ಮುಖ ಹಾಗೆ ಅರಳಿದ್ದನ್ನು ನಾನು ಕಂಡಿರಲಿಲ್ಲ.

ನಾಲ್ಕು ದಿನಕ್ಕೆ ಬಿತೆವ್ ಮಲಗಿದ. ಎಲ್ಲರಿಗೂ ಬಂದ ಹೊಟ್ಟೆಯ ಕಾಯಿಲೆಯೇ. ಅವನ ಡೇರೆಯ ಅಕ್ಕಪಕ್ಕ ಹದಿನೈದು ಜನ ಹಾಗೆಯೇ ಮಲಗಿದ್ದರು. ಅವರನ್ನು ಯಾರು ತಿಂದರು ಎಂದು ಯಾರೂ ಕೇಳಲಿಲ್ಲ. ಇವನು ಮುಖಂಡನ ತಮ್ಮ. ಇವನಿಗೆ ಕಾರಣ ಬೇಕಿತ್ತು.

ತಾಯತ ಬರೆಯುವ ದೆಬ್ತೆರಾ ಬಂದ. ಮೂಗಿನ ಕೆಳಗೆ ಹೊಗೆ ಹಾಕಿ, ಹೆದರಿಸಿ, "ನಿನ್ನ ತಿಂದವನು ಯಾರು? ಹೆಸರು ಹೇಳು" ಎಂದು ಕೇಳಿದ. ಜ್ವರದ ಮಂಪರಿನಲ್ಲಿ ಬಿತೆವ್, "ಎಂಗಿದಾ... ನನ್ನದು... ಆಯ್ತಾ?" ಎಂದನಂತೆ. ಅವನು ಕೇಳಿದ್ದು ಕೋವಿ. ಯುದ್ಧ ಹತ್ತಿರ ಬಂದಿತ್ತು, ಅವನ ಕೋವಿ ನಮ್ಮಲ್ಲಿತ್ತು. ಆದರೆ ದೆಬ್ತೆರಾಗೆ ಹೆಸರು ಸಾಕಿತ್ತು.

ಜೆಲ್ಲೆಕೆ ಹತ್ತು ಜನರನ್ನು ಕರೆದುಕೊಂಡು ಬಂದ. ಎಲ್ಲರೂ ಮೂಗಿನ ತನಕ ಶಾಲು ಸುತ್ತಿಕೊಂಡಿದ್ದರು. ಅಪ್ಪ ಎದ್ದು ನಿಂತು ತಲೆ ತಗ್ಗಿಸಿದ.

"ನನ್ನ ತಮ್ಮನ್ನ ಬಿಡೋ, ನಾಯಿ."

"ಒಡೆಯಾ, ನಾನು ಹಿಡ್ಕೊಂಡ್ರೆ ತಾನೇ ಬಿಡೋದು?"

ಕೋವಿಯ ಹಿಡಿಯಿಂದ ಬಾಯಿಗೆ ಹೊಡೆದರು. ಕೂದಲು ಕತ್ತರಿಸಿದರು. ಅಂಗಿಯ ತುದಿ ಹರಿದರು. ಅದನ್ನೆಲ್ಲ ಸುಟ್ಟು ಹೊಗೆಯನ್ನು ರೋಗಿಗೆ ಕುಡಿಸಿದರೆ ಬುದಾ ರೋಗಿಯನ್ನು ಬಿಟ್ಟುಹೋಗುತ್ತಾನೆ ಎಂದು ಅವರ ನಂಬಿಕೆ. ಬಿಡಲಿಲ್ಲ. ಹಾಗಾಗಿ ಅಪ್ಪನನ್ನೇ ಬಿತೆವ್‌ನ ಡೇರೆಯ ಹಿಂದೆ ಗೂಟಕ್ಕೆ ಕಟ್ಟಿದರು. ಬಿಡುವ ತನಕ ನೀರಿಲ್ಲ.

ನಾನು ಮುಸುಕೆಳೆದುಕೊಂಡು ಹೋದೆ. ಡೇರೆಯ ಹಿಂಬದಿಯ ಬಟ್ಟೆಗೆ ಬಾಯಿಟ್ಟು ಕರೆದೆ.

"ಬಿತೆವ್. ನಾನು, ತಿರು. ಎಚ್ಚರ ಇದ್ದೀಯಾ?"

ಒಳಗಿಂದ, "ಹೂಂ."

"ಹಳ್ಳದ ನೀರು ಕುಡಿದೆ ಅಂತ ಹೇಳು. ಅಪ್ಪ ನಿನಗೆ ಉಣ್ಸಿದ ಅಂತ ಹೇಳು. ತಿನ್ನೋನು ಯಾರಾದ್ರೂ ಉಣ್ಸ್ತಾನಾ? ಒಂದು ಮಾತು ಹೇಳು ನಿಮ್ಮಣ್ಣಂಗೆ. ಅಪ್ಪ ಸಾಯ್ತಾನೆ."

"ತಿರು, ಅದು ಹೇಳಿದ್ರೆ ನನ್ನನ್ನ ದಳದಿಂದ ತೆಗೀತಾರೆ. ಒಂದೇ ಬುಟ್ಟಿ ಸುತ್ತ ಊಟಕ್ಕೆ ಕೂರ್ಸಲ್ಲ. ಕಮ್ಮಾರನ ಎಂಜಲು ತಿಂದೋನು ಅಂತ ಮದುವೇನೂ ಆಗಲ್ಲ."

"ಅಪ್ಪ ಸಾಯ್ತಾನೆ ಅಂದೆ ನಾನು."

ಒಳಗಿಂದ ಅಳುವ ಸದ್ದು ಬಂತು.

ಗೂಟದ ಹತ್ತಿರ ಅಪ್ಪ ಕೂತಿದ್ದ. ತುಟಿ ಊದಿತ್ತು. ಎಲ್ಲವೂ ಅವನ ಕಿವಿಗೆ ಬಿದ್ದಿತ್ತು.

"ಬಿಡು ಮಗಾ. ಹೆದರಿದ್ದಾನೆ. ಚಿಕ್ಕೋನು."

"ನೀನು ಸತ್ರೆ ಅವನು ದೊಡ್ಡೋನಾಗ್ತಾನಾ?"

ಅಪ್ಪ ಕುಲುಮೆಯ ಕಡೆ ಮುಖ ತಿರುಗಿಸಿದ. "ಇದ್ದಿಲು ಒದ್ದೆಯಾಗ್ದಂಗೆ ಮುಚ್ಚಿಟ್ಟಿದ್ದೀಯಾ?" ಎಂದು ಕೇಳಿದ.

ಎರಡನೇ ದಿನ ಮಧ್ಯಾಹ್ನ ನಗಾರಿ ಮೊಳಗಿತು. ಫರಂಗಿಗಳು ಕದಲಿದ್ದಾರೆ, ಎಲ್ಲರೂ ಸಿದ್ಧರಿರಬೇಕು ಎಂದು ಸಾರಿದರು. ಜೆಲ್ಲೆಕೆಯ ಐವತ್ತು ಜನರಲ್ಲಿ ಹನ್ನೆರಡು ಜನರ ಕೋವಿಗಳು ನಮ್ಮ ಕುಲುಮೆಯಲ್ಲಿ ಬಿಚ್ಚಿ ಬಿದ್ದಿದ್ದವು. ಬೇರೆ ಕಮ್ಮಾರರಿಗೆ ಬೇರೆಯವರ ಕೆಲಸವೇ ತಲೆಗೆ ಮೀರಿತ್ತು.

ಅಪ್ಪನನ್ನು ಎಳೆದುಕೊಂಡು ಬಂದರು. ಕಾಲಿಗೆ ಸರಪಳಿ. ಕಣ್ಣಿಗೆ ಕಪ್ಪು ಬಟ್ಟೆ, ಮೂರು ಸುತ್ತು.

"ಕೆಲಸ ಮಾಡು," ಜೆಲ್ಲೆಕೆ ಹೇಳಿದ. "ಕೋವಿ ಮೇಲೆ ನಿನ್ನ ಕಣ್ಣು ಬೀಳಬಾರದು. ಯುದ್ಧಕ್ಕೆ ಹೋಗೋ ಕೋವಿ ಅವು."

ಅಪ್ಪ ಕೈಯಿಂದ ತಡಕುತ್ತಾ ಉಕ್ಕು ಬಡಿಯುವ ಅಡಿಗಲ್ಲು ಹುಡುಕಿದ. ಸಿಕ್ಕ ಕೂಡಲೇ ಅದರ ಮೇಲೆ ಅಂಗೈ ಇಟ್ಟುಕೊಂಡ.

"ಒಡೆಯಾ, ಬಡಿಯೋಕೆ ಕಣ್ಣು ಬೇಡ. ಹದ ಹಾಕೋಕೆ ಬೇಕು. ಸ್ಪ್ರಿಂಗ್ ಕೆಂಪಾದಾಗ ಎಣ್ಣೆ ಕುಡಿಸಬೇಕು. ಆಮೇಲೆ ಉಜ್ಜಿ ಮತ್ತೆ ಕಾಯಿಸಬೇಕು. ಮೊದಲು ಒಣಹುಲ್ಲಿನ ಬಣ್ಣ ಬರುತ್ತೆ. ಆಮೇಲೆ ನೇರಳೆ. ಆಮೇಲೆ ನೀಲಿ. ನೀಲಿಗೆ ಮುಂಚೆ ತೆಗೆದ್ರೆ ಮುರಿಯುತ್ತೆ. ನೀಲಿ ದಾಟಿದ್ರೆ ಮೆತ್ತಗಾಗುತ್ತೆ. ನೋಡದೆ ಹೆಂಗೆ?"

ಜೆಲ್ಲೆಕೆ ಸ್ವಲ್ಪ ಯೋಚಿಸಿದ. ನನ್ನ ಕಡೆ ಬೆರಳು ತೋರಿಸಿದ.

"ಅವಳು ನೋಡಿ ಹೇಳಲಿ."

"ಅವಳೂ ಬುದಾ ಅಲ್ವಾ ಅಣ್ಣಾ?" ಒಬ್ಬ ಕೇಳಿದ.

"ಮರಿ. ಅವಳ ಕಣ್ಣಿಗೆ ಇನ್ನೂ ಹಲ್ಲು ಬಂದಿರಲ್ಲ."

ಅವರು ನಕ್ಕರು. ಯುದ್ಧದ ಹಿಂದಿನ ದಿನದ ನಗು.

ಕೆಲಸ ಶುರುವಾಯಿತು. ನಾನು ತಿದಿ ಒತ್ತಿದೆ. ಅಪ್ಪ ಇಕ್ಕಳದಲ್ಲಿ ಹಿಡಿದ. "ನೀಲಿ ಬಂದಾಗ ಹೇಳು" ಎಂದ. ಬೆಂಕಿಯ ಮೇಲೆ ಉಕ್ಕಿನ ಪಟ್ಟಿಯ ತುದಿಯಿಂದ ಬಣ್ಣ ಹರಿದು ಬಂತು. ಹುಲ್ಲು, ಅಂದೆ. ನೇರಳೆ, ಅಂದೆ. ನೀಲಿ! ಅಪ್ಪ ಎತ್ತಿದ. ಹೀಗೆ ಒಂದು, ಎರಡು, ಮೂರು. ಅವನ ಕೈ ಬೆರಳುಗಳು ಸುಟ್ಟವು. ಸುತ್ತಿಗೆ ಒಮ್ಮೆ ಹೆಬ್ಬೆರಳಿನ ಮೇಲೆ ಬಿತ್ತು. ಉಗುರು ಎದ್ದು ಬಂತು. ಬಾಯಲ್ಲಿಟ್ಟು ಚೀಪಿ ಮತ್ತೆ ಸುತ್ತಿಗೆ ಹಿಡಿದ. ಎರಡು ದಿನದಿಂದ ನೀರಿಲ್ಲದ ಬಾಯಿ.

"ನೀರು ಕೊಡಿ ಅವನಿಗೆ," ಎಂದೆ.

"ಬಿತೆವ್ ಎದ್ದು ಕೂರಲಿ. ಆಮೇಲೆ."

ಐದನೆಯದಕ್ಕೆ ನನಗೆ ತಡೆಯಲಾಗಲಿಲ್ಲ. ಹುಲ್ಲಿನ ಬಣ್ಣಕ್ಕೇ "ನೀಲಿ" ಎಂದೆ. ಮುರಿಯಲಿ. ಫರಂಗಿಯ ಮುಂದೆ ನಿಂತಾಗ ಮುರಿಯಲಿ.

ಅಪ್ಪ ಎತ್ತಲಿಲ್ಲ. ಕೆನ್ನೆಯನ್ನು ಉಕ್ಕಿನ ಹತ್ತಿರ ತಂದು ಶಾಖ ನೋಡಿದ. ನೀಲಿಯ ಕ್ಷಣ ಶಾಖದಿಂದ ತಿಳಿಯದು, ಇನ್ನೂ ದೂರವಿದೆ ಎಂಬುದಷ್ಟೇ ತಿಳಿಯುತ್ತದೆ. "ಇನ್ನೂ ಆಗಿಲ್ಲ" ಎಂದು ಮೆಲ್ಲಗೆ ಹೇಳಿದ. ನನಗೆ ಮಾತ್ರ ಕೇಳುವಂತೆ, "ಕೈಯಲ್ಲಿ ಹಿಡಿಯೋನು ಯಾರದೋ ಮಗ. ಸರಿಯಾಗಿ ಹೇಳು" ಎಂದ.

ಸರಿಯಾಗಿ ಹೇಳಿದೆ. ಹನ್ನೊಂದು ಕೋವಿ ಮುಗಿದವು. ಅವನ್ನು ಜೋಡಿಸಿ ಒಬ್ಬೊಬ್ಬರೇ ಕೋವಿಯ ಕುದುರೆಯನ್ನು ಬೆರಳಲ್ಲಿ ಎಳೆದು ನೋಡಿದರು. ಸ್ಪ್ರಿಂಗ್ ಟಕ್ಕೆಂದು ಬಡಿಯಿತು. ಜೆಲ್ಲೆಕೆಯ ಕೋವಿಯೂ ಅದರಲ್ಲಿತ್ತು.

ಹನ್ನೆರಡನೆಯದು ಬಿತೆವ್‌ನದು.

ಅಪ್ಪ ಅದನ್ನು ಮುಟ್ಟಿ ಗುರುತು ಹಿಡಿದ. "ಇದು ಹುಡುಗನದು" ಎಂದ. ಬೆಂಕಿಗೆ ಹಿಡಿದ. ನಾನು ತಿದಿ ಬಿಟ್ಟು ಎದ್ದು ನಿಂತೆ. ಬೆಂಕಿಗೆ ಅಷ್ಟು ಗಾಳಿ ಸಾಕಿತ್ತು.

"ಹೇಳು ಮಗಾ."

ಹುಲ್ಲಿನ ಬಣ್ಣ ಬಂತು. ನಾನು ಹೇಳಲಿಲ್ಲ.

"ತಿರು?"

ನೇರಳೆ ಬಂತು.

"ಹೇಳೇ!" ಜೆಲ್ಲೆಕೆ ಕೂಗಿದ.

"ಹೇಳಲ್ಲ," ಎಂದೆ. "ಅವನ ಕಣ್ಣು ಬಿಚ್ಚಿ. ಅವನೇ ನೋಡ್ತಾನೆ. ಐದು ತಿಂಗಳು ನಿಮ್ಮ ಕತ್ತಿ, ಈಟಿ, ಲಾಳ ಎಲ್ಲಾ ನೋಡ್ದೋನು ಅವನು. ನಿಮ್ಮಲ್ಲಿ ಯಾರು ಸತ್ರಿ? ನೋಡಿದ್ದಕ್ಕೇ ನಿಮ್ಮ ಕತ್ತಿ ಹರಿತ. ಕಣ್ಣು ಬಿಚ್ಚಿ. ಇಲ್ಲಾಂದ್ರೆ ನಾನು ಹೇಳಲ್ಲ."

ಬೆನ್ನಿಗೆ ಈಟಿಯ ಹಿಡಿ ಬಿತ್ತು. ಮಂಡಿ ಊರಿದೆ. ಬಾಯಿ ಬಿಡಲಿಲ್ಲ. ಎಲ್ಲರೂ ಆ ಉಕ್ಕಿನ ಪಟ್ಟಿಯನ್ನೇ ನೋಡುತ್ತಿದ್ದರು. ನೀಲಿ ಬಂತು. ಆಕಾಶದಂಥ ನೀಲಿ. ಯಾರ ಬಾಯಿಂದಲೂ ಮಾತು ಬರಲಿಲ್ಲ. ಅವರಿಗೆ ಹೇಳಬಹುದಿತ್ತು. ಅವರಿಗೂ ಕಣ್ಣಿತ್ತು. ಆದರೆ ಅದು ಕಮ್ಮಾರನ ಕೆಲಸ. ನೀಲಿ ಹೋಗಿ ಬೂದು ಬಣ್ಣಕ್ಕೆ ತಿರುಗತೊಡಗಿತು.

ಅಪ್ಪನ ಮೂಗಿಗೆ ವಾಸನೆ ಬಡಿಯಿತು. ಕೆಲಸ ಕೆಡುತ್ತಿದೆ. ನಲವತ್ತು ವರ್ಷದ ಕೈ ಅದು. ತಡೆಯಲಾಗಲಿಲ್ಲ. ಎಡಗೈ ತಾನಾಗಿಯೇ ಎದ್ದು ಕಣ್ಣಿನ ಬಟ್ಟೆಯನ್ನು ಮೇಲಕ್ಕೆ ತಳ್ಳಿತು. ಉಕ್ಕನ್ನು ನೋಡಿದ. "ಅಯ್ಯೋ, ಹೋಯ್ತು" ಎಂದ. ಆಮೇಲೆ ಬೆಳಕಿಗೆ ಕಣ್ಣು ಕಿರಿದು ಮಾಡಿಕೊಂಡು ತಲೆ ಎತ್ತಿದ. ಎದುರಿಗಿದ್ದವರನ್ನು ಒಬ್ಬೊಬ್ಬರಾಗಿ ನೋಡಿದ. ಬಹುಶಃ ನನ್ನನ್ನು ಹುಡುಕುತ್ತಿದ್ದ.

ಗಂಡಸರು ಶಾಲಿನಲ್ಲಿ ಮುಖ ಮುಚ್ಚಿಕೊಂಡು ಹಿಂದಕ್ಕೆ ಬಿದ್ದರು. ಫರಂಗಿಯ ತೋಪಿಗೆ ಎದೆ ಕೊಡಲು ಹೊರಟವರು. "ನೋಡ್ದ! ನಮ್ಮ ಮೇಲೆ ಕಣ್ಣು ಹಾಕ್ದ!" ಎಂದು ಒಬ್ಬ ಕಿರುಚಿ ಈಟಿ ಎಸೆದ. ಆ ಮೊನೆಯನ್ನು ಹಿಂದಿನ ವಾರ ನಾವೇ ಮಸೆದು ಕೊಟ್ಟಿದ್ದೆವು. ಚೆನ್ನಾಗಿ ಮಸೆದಿದ್ದೆವು.

ಅಪ್ಪ ಕುಲುಮೆಯ ಪಕ್ಕಕ್ಕೆ ಕುಸಿದ. ಇಕ್ಕಳ ಕೈಯಲ್ಲೇ ಇತ್ತು. ನಾನು ಅವನ ತಲೆಯನ್ನು ತೊಡೆಯ ಮೇಲಿಟ್ಟುಕೊಂಡೆ. "ನೀಲಿ ಬಂದಿತ್ತಾ?" ಎಂದು ಕೇಳಿದ.

"ಬಂದಿತ್ತಪ್ಪ," ಎಂದೆ.

ಅಷ್ಟು ತಡವಾಗಿ ಹೇಳಿದೆ.

ಅವರು ಕೋವಿಗಳನ್ನು ಎತ್ತಿಕೊಂಡು ಹೋದರು. ಹನ್ನೊಂದನ್ನೂ. ನೀಲಿ ಬಂದಾಗ ನಾನು ಒಂದು ಮಾತು ಹೇಳಿದ್ದರೆ ಅಪ್ಪ ಇನ್ನೂ ಒಂದು ದಿನ ಬದುಕುತ್ತಿದ್ದನೇನೋ. ಮತ್ತೆ ಗೂಟಕ್ಕೆ ಕಟ್ಟುತ್ತಿದ್ದರು, ಬಾಯಾರಿ ಸಾಯುತ್ತಿದ್ದನೇನೋ. ಇದನ್ನು ಎಷ್ಟು ಸಲ ತಿರುವಿ ಹಾಕಿದ್ದೇನೋ ಗೊತ್ತಿಲ್ಲ. ಹೇಳಬೇಕಿತ್ತು ಅನ್ನಿಸುತ್ತದೆ. ಹೇಳಬಾರದಿತ್ತು ಅಂತಲೂ ಅನ್ನಿಸುತ್ತದೆ. ಎರಡೂ ನನ್ನ ಎದೆಯ ಮೇಲೆಯೇ ಕೂತಿವೆ.

ಪಾದ್ರಿ ಬರಲಿಲ್ಲ. ಕಮ್ಮಾರರು ನಾಲ್ಕು ಜನ ಗುಂಡಿ ತೋಡಲು ಬಂದರು. ನಾನು ಚೀಲದಿಂದ ಚಿಟಿಕೆ ಬೂದಿ ತೆಗೆದು ತೂರಿದೆ. ಅದು ಹಾರಿದ ದಿಕ್ಕಿಗೆ ಬೆನ್ನು ಹಾಕಿ ನಡೆದು, ಗಾಳಿ ಪಾಳೆಯದ ಕಡೆಗೇ ಬೀಸುವ ಜಾಗದಲ್ಲಿ ಗುಂಡಿಗೆ ಗುರುತು ಹಾಕಿದೆ. "ಅಲ್ಲಲ್ಲಮ್ಮಾ, ಆ ಕಡೆ ನಮ್ಮೋರ್ನ ಮಣ್ಣು ಮಾಡೋ ಹಾಗಿಲ್ಲ" ಎಂದು ಒಬ್ಬ ಮುದುಕ ಹೇಳಿದ. "ಇಲ್ಲೇ," ಎಂದೆ. ಅವನು ನನ್ನ ಮುಖ ನೋಡಿ ಸನಿಕೆ ಎತ್ತಿಕೊಂಡ.

ಮಾರನೆಯ ಬೆಳಗಿನ ಜಾವ ಸೈನ್ಯ ಇಳಿಯಿತು. ಮುಂದಿನವರು ಮುಂದೆ, ಬಲದವರು ಬಲಕ್ಕೆ, ಎಡದವರು ಎಡಕ್ಕೆ. ಮಧ್ಯಾಹ್ನದ ಹೊತ್ತಿಗೆ ಫರಂಗಿಗಳು ಓಡುತ್ತಿದ್ದರು. ನಾವು ಗೆದ್ದೆವು. ಎಲ್ಲರೂ "ನಾವು" ಅನ್ನುತ್ತಿದ್ದರು, ನಾನೂ ಅಂದೆ. ಬಲದವರ ಕೋವಿ ಒಂದೂ ಕೈಕೊಡಲಿಲ್ಲವಂತೆ.

ಮೂರನೇ ದಿನ ಚಕ್ರವರ್ತಿಯ ಡೇರೆಯ ಮುಂದೆ ಊಟ. ಉಪವಾಸದ ದಿನಗಳಾದ್ದರಿಂದ ಮಾಂಸವಿಲ್ಲ. ಆದರೆ ಫರಂಗಿಗಳ ಉಗ್ರಾಣದ ಹಿಟ್ಟು ಸಿಕ್ಕಿತ್ತು. ಒಂದೊಂದು ರೊಟ್ಟಿಯ ಬುಟ್ಟಿಯ ಸುತ್ತ ಏಳೆಂಟು ಜನ ಕೂತಿದ್ದರು. ಹಾಡುಗಾರರು ಹೆಸರು ಕೂಗಿ ಹಾಡುತ್ತಿದ್ದರು. ಮುಂದಿನ ವೀರರು, ಬಲದ ವೀರರು, ಎಡದ ವೀರರು. ಸತ್ತವರ ಹೆಸರು ಮೊದಲು.

ನಾನು ಮುಸುಕು ತೆಗೆದೆ. ಕುಲುಮೆಯಲ್ಲಿ ಉಳಿದಿದ್ದ ಹಿಟ್ಟಿನಲ್ಲಿ ಸುಟ್ಟ ಒಂದು ರೊಟ್ಟಿ, ಮೇಲೆ ಗೊಜ್ಜು. ಅದನ್ನು ಎಲೆಯಲ್ಲಿ ಹಿಡಿದು ಪಾಳೆಯದ ನಟ್ಟನಡುವಿನ ದಾರಿಯಲ್ಲಿ ತಲೆ ಎತ್ತಿ ನಡೆದೆ. ಬಟ್ಟೆ ಬೀಳುವ ಸದ್ದು ಎರಡೂ ಕಡೆ ಶುರುವಾಯಿತು. ಹಾಡು ನಿಂತಿತು. ಬಲದ ದಳದ ಬುಟ್ಟಿಗಳ ಹತ್ತಿರ ಬಂದು ನಿಂತೆ. ಜೆಲ್ಲೆಕೆ ಇದ್ದ. ಅವನ ಪಕ್ಕದಲ್ಲಿ ಬಿತೆವ್, ಸೊರಗಿದ್ದ, ಆದರೆ ಕೂತಿದ್ದ. ಕೋವಿಯಿಲ್ಲದ್ದರಿಂದ ಯುದ್ಧಕ್ಕೆ ಹೋಗಿರಲಿಲ್ಲ. ಬದುಕಿದ್ದ.

ನಾನು ರೊಟ್ಟಿ ಹರಿದು, ಗೊಜ್ಜಿನಲ್ಲಿ ಅದ್ದಿ, ಸುತ್ತಿದೆ. ಕೈ ಚಾಚಿದೆ.

"ಬಿತೆವ್, ಬಾಯಿ ತೆಗಿ. ಇದು ನಾಲ್ಕನೇದು. ಮೂರು ಅಪ್ಪನ ಕೈಯಿಂದ ತಿಂದಿದ್ದೀಯ."

ಬಿತೆವ್ ನನ್ನ ಕೈ ನೋಡಿದ. ಅಣ್ಣನನ್ನು ನೋಡಿದ. ಅವನ ತುಟಿ ಸ್ವಲ್ಪ ತೆರೆಯಿತು. ನಾನು ಕಂಡೆ, ತೆರೆಯಿತು.

"ಏನೋ ಅದು?" ಜೆಲ್ಲೆಕೆ ಕೇಳಿದ.

"ಗೊತ್ತಿಲ್ಲಣ್ಣ," ಎಂದ ಬಿತೆವ್. ಶಾಲನ್ನು ಮೂಗಿನ ಮೇಲಕ್ಕೆ ಎಳೆದುಕೊಂಡ.

ಜೆಲ್ಲೆಕೆಯ ಕೈ ಪಕ್ಕದಲ್ಲಿದ್ದ ಕೋವಿಗೆ ಹೋಯಿತು.

"ಎತ್ಕೋ," ಎಂದೆ. "ಹೊಡಿ. ಗುಂಡು ಹಾರುತ್ತೆ, ಅನುಮಾನ ಬೇಡ. ಆ ಸ್ಪ್ರಿಂಗಿಗೆ ಬಣ್ಣ ಹೇಳಿದ್ದು ನಾನೇ."

ಅವನು ಕೋವಿ ಹಿಡಿದ. ಎತ್ತಲಿಲ್ಲ. ಅವನ ಬೆರಳು ಕುದುರೆಯ ಮೇಲೆಯೇ ನಿಂತಿತ್ತು. ನಾನು ಕಾದೆ.

ಕೈಯಲ್ಲಿ ತುತ್ತು ಆರುತ್ತಿತ್ತು. ಎಷ್ಟು ಹೊತ್ತು ಹಿಡಿದುಕೊಳ್ಳುವುದು? ಭುಜ ನೋಯುತ್ತಿತ್ತು. ಅದನ್ನು ನನ್ನ ಬಾಯಿಗೇ ಇಟ್ಟುಕೊಂಡೆ. ಅಲ್ಲೇ ನಿಂತು ಅಗಿದೆ. ಒಂದೊಂದು ಬುಟ್ಟಿಯನ್ನೂ, ಅದರ ಸುತ್ತ ಕೂತ ಒಂದೊಂದು ಮುಖವನ್ನೂ ನೋಡುತ್ತಾ, ಇಡೀ ರೊಟ್ಟಿ ಮುಗಿಯುವ ತನಕ ತಿಂದೆ.